ದೊಡ್ಡಮ್ಮನ ಕಿವಿಯ ಸೆಲ್ಲು

ನಮ್ಮ ದೊಡ್ಡಮ್ಮನಿಗೆ ಬೀದಿಯವರು ಇಟ್ಟ ಹೆಸರು ‘ಆಂ ಅಜ್ಜಿ’. ಏನು ಹೇಳಿದರೂ ಮೊದಲು “ಆಂ?” ಎನ್ನುತ್ತಿದ್ದರು, ಅದಕ್ಕೆ. ಹರೆಯವನ್ನೆಲ್ಲ ಮಗ್ಗದ ಕಾರ್ಖಾನೆಗೆ ಸುರಿದ ಹೆಂಗಸು. ಅಲ್ಲಿನ ಗದ್ದಲ ಕಿವಿಯನ್ನು ತಿಂದುಹಾಕಿತು. ಬಿಟ್ಟು ಬರುವಾಗ ಕಾರ್ಖಾನೆಯವರು ಒಂದು ಗೋಡೆ ಗಡಿಯಾರ ಕೊಟ್ಟು ಚಪ್ಪಾಳೆ ತಟ್ಟಿದರಂತೆ. ಎರಡೂ ಅವರಿಗೆ ಕೇಳಿಸಲಿಲ್ಲ.

ನಾನು ಕಿವಿಯ ಮಿಷನ್ ಮಾರುವ ಅಂಗಡಿಯಲ್ಲಿ ಕೆಲಸಕ್ಕಿದ್ದೇನೆ. ನಾನೇ ಅವರಿಗೊಂದು ಹಾಕಿಸಿದೆ. ಆ ದಿನ ನಲ್ಲಿಯ ಕೆಳಗೆ ಬಿಂದಿಗೆ ಇಟ್ಟು, ನೀರು ಬೀಳುವ ಸದ್ದು ಕೇಳುತ್ತಾ ನಿಂತುಬಿಟ್ಟರು. ತುಂಬಿ ಹರಿದರೂ ನಿಲ್ಲಿಸಲಿಲ್ಲ. ಕೆಲವೇ ದಿನಗಳಲ್ಲಿ ಹತ್ತಿರದ ಶಿಶುವಿಹಾರದಲ್ಲಿ ಕೂಸುಗಳನ್ನು ನೋಡಿಕೊಳ್ಳುವ ಕೆಲಸವನ್ನೂ ಹಿಡಿದರು.

“ಹಸಿವಿನ ಅಳು ಬೇರೆ, ನಿದ್ದೆ ಅಳು ಬೇರೆ ಕಣೆ. ನಿಮ್ಮಣ್ಣ ಕೂಸಾಗಿದ್ದಾಗ ನನಗೆ ಇದೆಲ್ಲ ಎಲ್ಲಿ ಗೊತ್ತಾಯ್ತು? ಮಗ್ಗದ ಮುಂದೆ ನಿಂತಿದ್ದೆ” ಎಂದರು. ಅವರ ಮುಖ ಅಷ್ಟು ಅರಳಿದ್ದನ್ನು ನಾನು ಅದಕ್ಕೆ ಮೊದಲು ಕಂಡಿರಲಿಲ್ಲ.

ಅವರ ಮಗನಿಗೆ, ಅಂದರೆ ನಮ್ಮಣ್ಣನಿಗೆ, ಇದು ಹಿಡಿಸಲಿಲ್ಲ. “ಅಮ್ಮ ಕಂಡವರ ಮಕ್ಕಳ ಮೂಗು ಒರೆಸ್ತಿದ್ರೆ ಜನ ನನ್ನ ಮುಖಕ್ಕೆ ಉಗೀತಾರೆ” ಎಂದ. ಯಾರೂ ಉಗಿದಿರಲಿಲ್ಲ. ಅವನ ಬಟ್ಟೆ ಒಗೆಯುವವರು ಹಗಲಲ್ಲಿ ಮನೆಯಲ್ಲಿ ಇರಲಿಲ್ಲ, ಅಷ್ಟೇ.

ಆ ಮಿಷನ್ನಿಗೆ ಹಾಕುವುದು ಅಂಗಿಯ ಗುಂಡಿಗಿಂತ ಚಿಕ್ಕದಾದ ಸೆಲ್. ಒಳಗೆ ಸತುವಿನ ಪುಡಿ, ಬೆನ್ನಿಗೆ ಸೂಜಿಮೊನೆಯಷ್ಟು ತೂತು, ತೂತಿನ ಮೇಲೊಂದು ಸ್ಟಿಕರ್. ಸ್ಟಿಕರ್ ಕಿತ್ತಾಗ ಗಾಳಿ ಒಳಹೊಗುತ್ತದೆ. ಗಾಳಿಯ ಆಮ್ಲಜನಕದ ಜೊತೆ ಸೇರಿ ಸತುವು ಒಂದು ಬಗೆಯ ಬೂದಿಯಾಗುತ್ತದೆ. ಹಾಗಾಗುವಾಗ ಅದು ಬಿಟ್ಟುಕೊಡುವ ಎಲೆಕ್ಟ್ರಾನುಗಳು ಮಿಷನ್ನಿನೊಳಗೆ ಸುತ್ತಿಕೊಂಡು ಸೆಲ್ಲಿನ ಇನ್ನೊಂದು ಬದಿಗೆ ಬರುತ್ತವೆ. ಆ ಓಡಾಟವೇ ಕರೆಂಟು. ಬಸ್ಸು ಓಡಿಸುವ ಇಂಧನಕೋಶಕ್ಕಾದರೆ ಗಾಳಿಯ ಜೊತೆಗೆ ಹೈಡ್ರೋಜನ್ನನ್ನೂ ಹೊರಗಿನಿಂದ ಕೊಡುತ್ತಲೇ ಇರಬಹುದು. ಇದಕ್ಕೆ ಆ ಭಾಗ್ಯವಿಲ್ಲ. ಗಾಳಿ ಬೇಕಾದಷ್ಟು ಸಿಗುತ್ತದೆ, ಸತುವು ಇದ್ದಷ್ಟೇ. ಅದೂ ಅಲ್ಲದೆ, ಒಮ್ಮೆ ಸ್ಟಿಕರ್ ಕಿತ್ತರೆ ಮುಗಿಯಿತು. ಉಪಯೋಗಿಸಿ, ಬಿಡಿ, ಒಳಗಿನ ತೇವ ಆರಿ ಕೆಲವು ವಾರಗಳಲ್ಲಿ ಸೆಲ್ ಸಾಯುತ್ತದೆ. ಮತ್ತೆ ಅಂಟಿಸಿದರೂ ಉಪಯೋಗವಿಲ್ಲ. ಇದನ್ನೆಲ್ಲ ಅಣ್ಣನನ್ನು ಎದುರಿಗೆ ಕೂರಿಸಿಕೊಂಡು ಹೇಳಿದ್ದೆ. ಮೊಬೈಲ್ ನೋಡುತ್ತಾ ತಲೆಯಾಡಿಸಿದ್ದ.

ನೂಲು ಎಳೆದೆಳೆದು ಸೆಟೆದ ಬೆರಳುಗಳಿಗೆ ಆ ಸ್ಟಿಕರ್ ಸಿಗುತ್ತಿರಲಿಲ್ಲ. ಸೆಲ್ ಬದಲಿಸುವಾಗೆಲ್ಲ ದೊಡ್ಡಮ್ಮ ಮಗನ ಮುಂದೆ ಕೈಯೊಡ್ಡಬೇಕು. ಒಂದು ಭಾನುವಾರ ಅವನಿಗೆ ರೇಗಿತು. ಡಬ್ಬಿಯಲ್ಲಿದ್ದ ಅಷ್ಟೂ ಸೆಲ್ಲುಗಳ ಸ್ಟಿಕರ್ ಒಂದೇ ಸಲ ಕಿತ್ತು, ಬಟ್ಟಲಿಗೆ ಸುರಿದು ಮುಂದಿಟ್ಟ. “ತಗೋ, ಇನ್ನು ನನ್ನ ಪ್ರಾಣ ತಿನ್ನಬೇಡ.” ಪಾಪದ ಹೆಂಗಸು ಅದನ್ನು ಉಪಕಾರ ಎಂದೇ ತಿಳಿದರು.

ತಿಂಗಳು ಕಳೆಯುವಷ್ಟರಲ್ಲಿ ಬಟ್ಟಲಿನ ಸೆಲ್ಲುಗಳು ಕೈಕೊಡತೊಡಗಿದವು. ಒಂದು ಬೆಳಿಗ್ಗೆ ದೊಡ್ಡಮ್ಮ ಒಂದನ್ನು ಹಾಕಿಕೊಂಡು, ಕೇಳಿಸುತ್ತದೆ ಎಂದು ಖಾತ್ರಿ ಮಾಡಿಕೊಂಡೇ ಶಿಶುವಿಹಾರಕ್ಕೆ ಹೋಗಿದ್ದರು. ಬಟ್ಟೆ ಮಡಿಸುತ್ತಿದ್ದಾಗ ಅದು ಸತ್ತಿತು. ಬೆನ್ನ ಹಿಂದೆ ಒಂದು ಕೂಸು ಬಾಗಿಲ ಸಂದಿಗೆ ಬೆರಳು ಕೊಟ್ಟು ಕಿರುಚುತ್ತಿತ್ತು. ಆಚೆ ಕೋಣೆಯವರು ಓಡಿ ಬಂದಾಗ ಇವರು ಇನ್ನೂ ನೆಮ್ಮದಿಯಾಗಿ ಮಡಿಸುತ್ತಲೇ ಇದ್ದರಂತೆ. ಬೆರಳು ಉಳಿಯಿತು. ಕೆಲಸ ಉಳಿಯಲಿಲ್ಲ.

ಅಣ್ಣನನ್ನು ಹಿಡಿದು ಕೇಳಿದೆ. “ನಿನಗೆ ಹೇಳಿದ್ನೋ ಇಲ್ವೋ?”

“ಹೇಳಿರಬಹುದಮ್ಮ. ನೆನಪಿಟ್ಕೊಳ್ಳೋಕೆ ನನಗೇನು ಬೇರೆ ಕೆಲಸ ಇಲ್ವಾ? ಈಗೇನು, ಮನೇಲಿರಲಿ. ಅರಾಮಾಗಿರ್ತಾಳೆ.”

ದೊಡ್ಡಮ್ಮನ ಕಿವಿಗೆ ಬಾಯಿ ಹಚ್ಚಿ ನಡೆದದ್ದನ್ನೆಲ್ಲ ಕೂಗಿ ಹೇಳಿದೆ, ಅವನ ಎದುರಿಗೇ. ಅವರು ಬಟ್ಟಲನ್ನು ಹತ್ತಿರಕ್ಕೆ ಎಳೆದುಕೊಂಡರು. “ಅವನಿಗೆ ಗೊತ್ತಿತ್ತಾ?” ಎಂದು ಮಾತ್ರ ಕೇಳಿದರು. ನಾನು ಹೂಂ ಎಂದು ತಲೆಯಾಡಿಸಿದೆ.

ಅಣ್ಣ ಏನೋ ಸಮಜಾಯಿಷಿ ಶುರು ಮಾಡಿದ. ನಾನು ಅಂಗಡಿಯಿಂದ ತಂದಿದ್ದ ಹೊಸ ಸೆಲ್ ತೆಗೆದು ಸ್ಟಿಕರಿಗೆ ಉಗುರು ಹಾಕಿದೆ. ದೊಡ್ಡಮ್ಮ ನನ್ನ ಕೈ ಹಿಡಿದುಕೊಂಡರು.

“ಬೇಡ ಕಣೆ. ಕೂಸುಗಳ ಅಳು ಕೇಳೋಕೆ ಬೇಕಿತ್ತು. ಇವನ ಮಾತು ಕೇಳೋಕೆ ಯಾಕೆ ಸೆಲ್ಲು ದಂಡ ಮಾಡ್ತೀಯ?”