ಲೆಸೊತೊದ ಚಕ್ಕುಬಂದಿ

ಮೇಜಿನ ಮೇಲೆ ಗ್ಲೋಬ್ ಕಂಡರೆ ಈಗಲೂ ಮುಖ ತಿರುಗಿಸುತ್ತೇನೆ. ಸಮಾಜ ವಿಜ್ಞಾನ ಕಲಿಸಿ ನಿವೃತ್ತರಾದ ಮೇಷ್ಟರು ಆಡುವ ಮಾತಲ್ಲ ಇದು, ಗೊತ್ತು. ಆದರೂ ನಿಜ. ಮೊಮ್ಮಗಳಿಗೆ ಯಾರೋ ಉಡುಗೊರೆ ಕೊಟ್ಟದ್ದನ್ನು ಅಟ್ಟದ ಮೇಲೆ ಹಾಕಿಸಿದ್ದೇನೆ.

ಒಂದು ಕಾಲಕ್ಕೆ ನನಗೆ ಸಣ್ಣ ದೇಶಗಳ ಹುಚ್ಚಿತ್ತು. ಭಾರತ, ಚೀನಾ, ಅಮೆರಿಕ ಎಲ್ಲರಿಗೂ ಗೊತ್ತು, ಅದರಲ್ಲೇನು ದೊಡ್ಡಸ್ತಿಕೆ? ನೌರು ಎಂಬ ದ್ವೀಪಕ್ಕೆ ಅಧಿಕೃತ ರಾಜಧಾನಿಯೇ ಇಲ್ಲ. ಅಲ್ಲಿನ ನೆಲವನ್ನು ಗೊಬ್ಬರಕ್ಕೆಂದು ಬಗೆದು ಬಗೆದು ಹಡಗಿಗೆ ತುಂಬಿದರು, ದ್ವೀಪದ ನಡುವೆ ಕಲ್ಲಿನ ಮೊಳೆಗಳಷ್ಟೇ ಉಳಿದವು. ಲಿಕ್ಟೆನ್‌ಸ್ಟೈನ್‌ನವನು ಸಮುದ್ರ ನೋಡಬೇಕಾದರೆ ಎರಡು ಗಡಿ ದಾಟಬೇಕು. ಇಂಥದ್ದನ್ನೆಲ್ಲ ಉದ್ದನೆಯ ನೋಟ್‌ಬುಕ್ಕಿನಲ್ಲಿ ಬರೆದಿಟ್ಟುಕೊಂಡು, ಸ್ಟಾಫ್ ರೂಮಿನಲ್ಲಿ ಟೀ ಕುಡಿಯುತ್ತಿದ್ದವರನ್ನೂ ಬಿಡದೆ ಕೊರೆಯುತ್ತಿದ್ದೆ. ಈಗ ನೆನೆದರೆ ನನ್ನ ಮೇಲೆ ನನಗೇ ಹೇಸಿಗೆಯಾಗುತ್ತದೆ.

ನನ್ನ ಮೆಚ್ಚಿನ ಪ್ರಶ್ನೆ ಒಂದಿತ್ತು. ಜಮೀನಿನ ಪತ್ರದಲ್ಲಿ ಪೂರ್ವಕ್ಕೆ ಇಂಥವರ ಹೊಲ, ಪಶ್ಚಿಮಕ್ಕೆ ಇಂಥವರ ತೋಟ ಎಂದು ನಾಲ್ಕು ದಿಕ್ಕಿನ ಎಲ್ಲೆ ಬರೆಯುತ್ತಾರಲ್ಲ, ಆ ಚಕ್ಕುಬಂದಿ ನಮ್ಮ ಕಡೆಯ ಮಕ್ಕಳಿಗೂ ಗೊತ್ತು. ಹಾಗಾಗಿ, ‘ಯಾವ ದೇಶದ ಚಕ್ಕುಬಂದಿಯಲ್ಲಿ ನಾಲ್ಕು ಕಡೆಯೂ ಒಂದೇ ಹೆಸರಿದೆ?’ ಎಂದು ಕೇಳುತ್ತಿದ್ದೆ. ಉತ್ತರ ಮೂರು. ವ್ಯಾಟಿಕನ್ ಮತ್ತು ಸ್ಯಾನ್ ಮರಿನೊ ಇಟಲಿಯ ಹೊಟ್ಟೆಯೊಳಗಿವೆ, ಲೆಸೊತೊ ದಕ್ಷಿಣ ಆಫ್ರಿಕಾದ ಹೊಟ್ಟೆಯೊಳಗೆ.

ಈ ಪ್ರಶ್ನೆಯನ್ನು ದೊಡ್ಡವ್ವನಿಗೂ ಕೇಳಿದ್ದೆ. ದೊಡ್ಡವ್ವ ಎಂದರೆ ನಮ್ಮವ್ವನ ಅಕ್ಕ. ಗಂಡ ಹೋದ ಮೇಲೆ ಒಂದೇ ಒಂದು ಹಿಪ್ಪುನೇರಳೆ ತೋಟ ಇಟ್ಟುಕೊಂಡು, ಮನೆಯಲ್ಲಿ ರೇಷ್ಮೆ ಹುಳ ಸಾಕಿ, ರಾಮನಗರದ ಮಾರ್ಕೆಟ್ಟಿಗೆ ಗೂಡು ಹಾಕಿ ಬದುಕುತ್ತಿದ್ದಳು. ಓದು ಬರಹ ಇಲ್ಲ. ಅಂದು ತಟ್ಟೆಗಳಿಗೆ ಸೊಪ್ಪು ಉದುರಿಸುತ್ತಾ ಆ ದೇಶದ ಹೆಸರು ಕೇಳಿ ನಕ್ಕಳು.

“ಅದ್ಯಾತರ ಎಸ್ರುಲಾ? ಲೇ, ಸೋತೊ ಅಂತಾನಾ?”

ನಮ್ಮ ಮಾತಿನಲ್ಲಿ ಸೋತೊ ಎಂದರೆ ಸೋತೆವು. ನಾನೂ ನಕ್ಕೆ. ಅಷ್ಟಕ್ಕೇ ಬಿಡಲಿಲ್ಲ ಅವಳು, ನಾಲ್ಕು ಕಡೆಯೂ ಬೇರೆಯವರೇ ಇದ್ದರೆ ಆ ದೇಶದವರು ಆಚೆಗೆ ಬರುವುದು ಹೇಗೆ ಎಂದು ಕೇಳಿದಳು. ದಾರಿ ಬಿಡುತ್ತಾರೆ ಎಂದೆ. “ಬುಡ್ಲಿಲ್ಲ ಅಂದ್ರೆ?” ಎಂದಳು. ಅದು ನನ್ನ ನೋಟ್‌ಬುಕ್ಕಿನಲ್ಲಿ ಇರಲಿಲ್ಲ. ಬಿಡದೆ ಏನು ಮಾಡುತ್ತಾರೆ ಎಂದು ಮಾತು ಹಾರಿಸಿ, ಶಾಲೆಗೆಂದು ಕೂಟಗಲ್ ಕಡೆಯ ಬಸ್ಸು ಹತ್ತಿದೆ.

ಎರಡು ಸಾವಿರದ ಇಸವಿ ದಾಟಿ ಕೆಲವು ವರ್ಷಕ್ಕೆ ನಮ್ಮೂರ ಕಡೆಗೂ ಕಾರ್ಖಾನೆ ಬಂತು. ದೊಡ್ಡವ್ವನ ತೋಟದ ಸುತ್ತ ಇದ್ದವರು ಒಬ್ಬೊಬ್ಬರಾಗಿ ಅದಕ್ಕೆ ಜಮೀನು ಕೊಟ್ಟು ಕೈ ತೊಳೆದುಕೊಂಡರು. ಇವಳೊಬ್ಬಳು ಒಪ್ಪಲಿಲ್ಲ. ಮೊದಲು ಬಂದದ್ದು ವಾಸನೆ, ಸುಟ್ಟ ರಬ್ಬರಿನದು. ಆಮೇಲೆ ಕೆರೆಯ ಕೋಡಿಯಲ್ಲಿ ನೊರೆ. ಅದರ ಹಿಂದೆಯೇ ನೀಟಾಗಿ ಇಸ್ತ್ರಿ ಮಾಡಿದ ಅಂಗಿ ತೊಟ್ಟ ಕಾರ್ಖಾನೆಯ ಅಧಿಕಾರಿಯೊಬ್ಬ ನಮ್ಮ ಹೈಸ್ಕೂಲಿಗೆ ಬಂದು, ಮಕ್ಕಳಿಗೆ ಕ್ವಿಜ್ ಇಡುತ್ತೇವೆ, ಪ್ರಶ್ನೆ ನೀವೇ ಕೇಳಬೇಕು ಎಂದ. ನನ್ನ ಜ್ಞಾನಕ್ಕೆ ಕಡೆಗೂ ಒಂದು ವೇದಿಕೆ ಸಿಕ್ಕಿತೆಂದು ಬೀಗಿದೆ.

ಶಾಮಿಯಾನ ಹಾಕಿದರು, ಮೈಕು, ಪ್ಲಾಸ್ಟಿಕ್ ಹೂವು, ಡಾಲ್ಡಾ ಕಮಟು ಹೊಡೆಯುವ ಲಾಡು. ನನ್ನ ಹೆಗಲಿಗೆ ಶಾಲು ಹೊದಿಸಿ ಕೈಗೆ ಒಂದು ಗ್ಲೋಬ್ ಕೊಟ್ಟರು. ಅದರ ಎರಡು ಹೋಳು ಸರಿಯಾಗಿ ಕೂಡದೆ ಆಫ್ರಿಕಾ ಸಮಭಾಜಕದ ಹತ್ತಿರ ಸೊಟ್ಟಗಾಗಿತ್ತು. ಲೆಸೊತೊ ಹುಡುಕಿದೆ, ಬರಿಯ ಒಂದು ಚುಕ್ಕಿ, ಹೆಸರೂ ಇಲ್ಲ. ಆದರೂ ಹಲ್ಲು ಕಿರಿದು ಫೋಟೋಗೆ ನಿಂತೆ.

ವೇದಿಕೆ ಇಳಿಯುತ್ತಿದ್ದಂತೆ ಆ ಅಧಿಕಾರಿ ಒಂದು ಕಾಗದ ಮುಂದೆ ಹಿಡಿದ. ಸ್ಥಳ ತನಿಖೆಯ ಮಹಜರು, ಸಾಕ್ಷಿಗೆ ಊರಿನ ಪಂಚರ ಸಹಿ ಬೇಕು, ಓದಿದವರದ್ದೊಂದು ಇದ್ದರೆ ತೂಕ ಎಂದ. ನನಗಿಂತ ಮೊದಲೇ ಇಬ್ಬರು ಸಹಿ ಹಾಕಿದ್ದರು. ಬಾಯಲ್ಲಿ ಲಾಡು, ಕಂಕುಳಲ್ಲಿ ಗ್ಲೋಬ್. ಎಲ್ಲಿ ಹಾಕಬೇಕು ಎಂದಷ್ಟೇ ಕೇಳಿದೆ. ಹೆಸರಿನ ಕೆಳಗೆ ‘ಸಮಾಜ ವಿಜ್ಞಾನ ಶಿಕ್ಷಕರು’ ಎಂದು ಅವರು ಕೇಳದಿದ್ದರೂ ಬರೆದೆ.

ಕಾಂಪೌಂಡು ಎದ್ದಿತು. ತೋಟಕ್ಕೆ ಹೋಗುತ್ತಿದ್ದ ಬಂಡಿದಾರಿಗೆ ಅಡ್ಡವಾಗಿ ಕಬ್ಬಿಣದ ಗೇಟು. ಒಂದು ಬೆಳಗ್ಗೆ ದೊಡ್ಡವ್ವ ಕುಡುಗೋಲು ಹಿಡಿದು ಹೋದರೆ ಗೇಟಿನ ಕಾವಲುಗಾರ ಪಾಸ್ ಕೇಳಿದನಂತೆ. ನನ್ನ ತೋಟಕ್ಕೆ ಹೋಗಲು ನಾನು ಯಾವ ಪರೀಕ್ಷೆ ಪಾಸ್ ಮಾಡಬೇಕಪ್ಪ ಎಂದು ಇವಳು ನಿಜವಾಗಿಯೂ ಕೇಳಿದ್ದಾಳೆ. ಅಲ್ಲಿದ್ದವರೆಲ್ಲ ನಕ್ಕರಂತೆ. ಆ ನಗುವನ್ನು ನಾನು ಕೇಳಿಸಿಕೊಂಡಿಲ್ಲ, ಆದರೂ ಕಿವಿಯಲ್ಲಿದೆ.

ಹುಳ ನಾಲ್ಕನೇ ಜ್ವರ ಎದ್ದಿದ್ದ ಸಮಯ ಅದು. ಹುಳ ಪೊರೆ ಬಿಡುವುದಕ್ಕೆ ನಮ್ಮಲ್ಲಿ ಜ್ವರ ಎನ್ನುತ್ತಾರೆ. ನಾಲ್ಕನೆಯದು ಮುಗಿಸಿ ಎದ್ದವೆಂದರೆ ಒಂದು ವಾರ ತಿಂದದ್ದೇ ತಿಂದದ್ದು, ಮನೆಯೊಳಗೆ ಮಳೆ ಹುಯ್ದ ಸದ್ದು. ಅಕ್ಕಪಕ್ಕದ ತೋಟಗಳೆಲ್ಲ ಹೋಗಿದ್ದವು. ದೂರದಿಂದ ಬಸ್ಸಿನ ಮೇಲೆ ಹಾಕಿಸಿಕೊಂಡು ತಂದ ಸೊಪ್ಪು ಬಾಡಿ, ಬಿಸಿಯೇರಿ ಬಂತು. ನಾನು ಹೋದಾಗ ಸದ್ದು ನಿಂತಿತ್ತು. ಹುಳಗಳು ತಲೆ ಮೇಲೆತ್ತಿ ಅತ್ತ ಇತ್ತ ತಡಕುತ್ತಿದ್ದವು. ಮಾರನೆಯ ದಿನ ಕಪ್ಪಗೆ ಮೆತ್ತಗಾಗಿ, ಮುಟ್ಟಿದರೆ ಒಡೆದು ಕೀವಿನಂಥದ್ದು ಸುರಿಯುತ್ತಿತ್ತು. ತಟ್ಟೆಗಟ್ಟಲೆ ಹುಳವನ್ನು ತಿಪ್ಪೆಯ ಪಕ್ಕದ ಗುಂಡಿಗೆ ಸುರಿದು ಸುಣ್ಣ ಹಾಕಿದೆವು. ಆ ನಾತ ನನ್ನ ಅಂಗಿಯಿಂದ ಮೂರು ಒಗೆತಕ್ಕೂ ಹೋಗಲಿಲ್ಲ.

ದಾರಿ ಬಿಡಿಸಿಕೊಡಿ ಎಂದು ಅರ್ಜಿ ಬರೆದು ಅವಳನ್ನು ತಾಲ್ಲೂಕು ಕಚೇರಿಗೆ ಕರೆದುಕೊಂಡು ಹೋದವನೂ ನಾನೇ. ಬಂಡಿದಾರಿ ನಕ್ಷೆಯಲ್ಲಿದೆ, ಎರಡು ಸಾಲು ಚುಕ್ಕಿ ಎಳೆದಿದ್ದಾರೆ ಎಂದು ಜೋರಾಗಿಯೇ ವಾದಿಸಿದೆ. ಗುಮಾಸ್ತ ಕಡತ ತೆಗೆದು ಮಹಜರನ್ನು ಗಟ್ಟಿಯಾಗಿ ಓದಿದ: ಸ್ಥಳದಲ್ಲಿ ಬಂಡಿದಾರಿಯಾಗಲಿ ಕಾಲುದಾರಿಯಾಗಲಿ ಇರುವುದಿಲ್ಲ. ಆಮೇಲೆ ಪಂಚರ ಹೆಸರುಗಳು. ಮೂರನೆಯದು ನನ್ನದು. ‘ಸಮಾಜ ವಿಜ್ಞಾನ ಶಿಕ್ಷಕರು’ ಎಂಬುದನ್ನೂ ಬಿಡದೆ ಓದಿದ. ದೊಡ್ಡವ್ವ ನನ್ನ ಪಕ್ಕದಲ್ಲೇ ನಿಂತಿದ್ದಳು, ಸೆರಗಿನಿಂದ ಬಾಯಿ ಒರೆಸಿಕೊಂಡಳು.

ಓದದೆ ಸಹಿ ಹಾಕಿದ್ದೇನೆ, ಹಾಗಂತ ಬರೆದುಕೊಡುತ್ತೇನೆ ಎಂದೆ. ಬರೆದುಕೊಡಿ, ಸರ್ಕಾರಿ ನೌಕರರು ಸುಳ್ಳು ಮಹಜರಿಗೆ ಸಹಿ ಹಾಕಿದ್ದಾರೆಂದು ನಿಮ್ಮ ಇಲಾಖೆಗೂ ಒಂದು ಪ್ರತಿ ಕಳಿಸುತ್ತೇವೆ ಎಂದ ಗುಮಾಸ್ತ. ಜೇಬಿನಿಂದ ತೆಗೆದಿದ್ದ ಪೆನ್ನಿಗೆ ಮುಚ್ಚಳ ಹಾಕಿದೆ. ಪಿಂಚಣಿಗೆ ಇನ್ನು ಕೆಲವೇ ವರ್ಷವಿತ್ತು. ಈ ಬದುಕಿನಲ್ಲಿ ನಾನು ಮಾಡಿದ ಅತಿ ಅಸಹ್ಯದ ಕೆಲಸ ಸಹಿ ಹಾಕಿದ್ದಲ್ಲ, ಆ ಮುಚ್ಚಳ ಹಾಕಿದ್ದು.

ಬಸ್ಸಿನಲ್ಲಿ ಬೈದಾಳು ಎಂದುಕೊಂಡೆ. ಬೈಯಲಿಲ್ಲ. ಊಟ ಆಯ್ತೇನ್ಲಾ ಎಂದು ಕೇಳಿದಳು.

ಮುಂದಿನ ಬೆಳೆ ಇಡಲಾಗಲಿಲ್ಲ. ಆರು ತಿಂಗಳಿಗೆ ಅವಳೂ ತೋಟ ಕೊಡಲು ಒಪ್ಪಿದಳು. ಪತ್ರ ಬರೆಯುವವನ ಜಗಲಿಯಲ್ಲಿ ಹೆಬ್ಬೆಟ್ಟಿಗೆ ಮಸಿ ಹಚ್ಚಲು ಬಂದಾಗ ಕೈ ಹಿಂದಕ್ಕೆಳೆದುಕೊಂಡು, ಆ ಕಾಗದವನ್ನು ನನ್ನ ಕಡೆ ತಳ್ಳಿದಳು.

“ಈ ಸಲ ಓದ್ಬುಟ್ಟು ಏಳು.”

ಓದಿದೆ. ಒಂದು ಅಕ್ಷರ ಬಿಡದೆ, ತರಗತಿಯಲ್ಲಿ ಓದುವಂತೆ ಗಟ್ಟಿಯಾಗಿ ಓದಿದೆ. ಕೊನೆಯಲ್ಲಿ ಚಕ್ಕುಬಂದಿ ಬಂತು. ಪೂರ್ವಕ್ಕೆ ಕಾರ್ಖಾನೆಯ ಜಮೀನು. ಪಶ್ಚಿಮಕ್ಕೆ ಕಾರ್ಖಾನೆಯ ಜಮೀನು. ಉತ್ತರಕ್ಕೆ ಕಾರ್ಖಾನೆಯ ಜಮೀನು. ದಕ್ಷಿಣ ಎನ್ನುವಷ್ಟರಲ್ಲಿ ಅವಳೇ ಕೇಳಿದಳು, ನಾಲ್ಕು ಕಡೆಗೂ ಒಂದೇ ಹೆಸರಾ ಎಂದು. ಹೂಂ ಎಂದೆ.

“ನೀನು ಏಳ್ತಿದ್ದ ದೇಸ ಇದೇ ಅಲ್ವೇನ್ಲಾ?” ಎಂದಳು. ಹೆಬ್ಬೆಟ್ಟನ್ನು ಮಸಿಗೆ ತಾನೇ ಒತ್ತಿಕೊಂಡಳು.

“ಲೇ, ಸೋತೊ.”