ದೋಣಿಕಟ್ಟೆಯ ಅಜ್ಜಿಯ ಎಲೆ

ಹೆಬ್ಬಾಲೆಯ ಮಹೇಶನ ಮನೆಯ ಟಿವಿಯಲ್ಲಿ ಒಬ್ಬ ಕತ್ತಿವೀರ ಮೂರು ವಾರದಿಂದ ಸೇತುವೆಯ ಈಚೆಗೇ ನಿಂತಿದ್ದ. ಆಚೆ ದಡದಲ್ಲಿ ಅವನಿಗಾಗಿ ದೊಡ್ಡ ಯುದ್ಧ ಕಾದಿತ್ತು, ಕಳೆದುಹೋದ ತಮ್ಮ ಕಾದಿದ್ದ, ಒಂದು ಸಿಂಹಾಸನವೂ ಕಾದಿತ್ತಂತೆ. ಅವನನ್ನು ತಡೆದು ನಿಲ್ಲಿಸಿದವಳು ಮಹೇಶನ ಹೆಂಡತಿ ಪ್ರೇಮಾವತಿ.

ಪ್ರೇಮಾವತಿ ಅರಕಲಗೂಡು ಕಡೆಯಿಂದ ಮದುವೆಯಾಗಿ ಬಂದವಳು. ಬೆಳಗಾಗೆದ್ದು ಹಸು ಕರೆದು ಡೈರಿಗೆ ಹಾಲು ಹಾಕಿ, ತಿಂಡಿ ಮಾಡಿಟ್ಟು, ಶುಂಠಿ ಹೊಲದಲ್ಲಿ ಆಳುಗಳ ಸಮಕ್ಕೆ ಬಗ್ಗಿ ಕಳೆ ಕೀಳುವ ಹೆಂಗಸು. ಮಗಳು ದಿವ್ಯಶ್ರೀಯನ್ನು ಮಡಿಕೇರಿಯ ಹಾಸ್ಟೆಲಿನಲ್ಲಿಟ್ಟು ಓದಿಸುತ್ತಿದ್ದಳು. ಅತ್ತೆ ನಿಂಗಮ್ಮನ ಮಂಡಿನೋವಿಗೆ ದಿನಾ ಎಣ್ಣೆ ತಿಕ್ಕುತ್ತಿದ್ದಳು. ಇಂಥವಳ ಬಗ್ಗೆ ಊರು ಏನು ಮಾತಾಡೀತು? ಮಾತಾಡಲು ಸಿಕ್ಕಿದ್ದು ಆ ಕಪ್ಪು ಪೆಟ್ಟಿಗೆ ಮನೆಗೆ ಬಂದ ಮೇಲೆ.

ಮಹೇಶ ವೈರಿಂಗ್ ಕೆಲಸದವನು. ಮಾದಾಪುರದ ಒಂದು ಹೋಮ್‌ಸ್ಟೇಗೆ ಲೈಟು ಹಾಕಿಕೊಡಲು ಹೋಗಿದ್ದಾಗ ಅಲ್ಲಿಯ ಮಾಲೀಕರು ಹೊಸ ವಿಡಿಯೋ ಗೇಮ್ ತಂದಿದ್ದರು. ಹಳೆಯದನ್ನು ತಗೊಂಡು ಹೋಗಪ್ಪ ಎಂದು ಇವನ ಕೈಗೆ ಕೊಟ್ಟರು. ಅದರೊಳಗೆ ಇದ್ದದ್ದು ಒಂದೇ ಆಟ. ಕತ್ತಿವೀರನೊಬ್ಬ ಹಿಮ ಬೀಳುವ ದೇಶದಲ್ಲಿ ಕುದುರೆ ಮೇಲೆ ಅಲೆಯುತ್ತಾನೆ, ಸಿಕ್ಕವರನ್ನೆಲ್ಲ ಕಡಿಯುತ್ತಾನೆ. ಮಹೇಶ ನಿಜದಲ್ಲಿ ಕೋಳಿ ಕೊಯ್ಯಲೂ ಅಣ್ಣನನ್ನು ಕರೆಯುವ ಮನುಷ್ಯ. ಟಿವಿಯಲ್ಲಿ ಮಾತ್ರ ತಲೆಗಳನ್ನು ಚೆಂಡಾಡುತ್ತಿದ್ದ. ಪ್ರೇಮಾವತಿ ಅದನ್ನು ಕಣ್ಣೆತ್ತಿಯೂ ನೋಡುತ್ತಿರಲಿಲ್ಲ.

ಒಂದು ದಿನ ಕತ್ತಿವೀರ ದಣಿವಾರಿಸಿಕೊಳ್ಳಲು ಒಂದು ಛತ್ರಕ್ಕೆ ಹೋದ. ಅಲ್ಲಿ ಮೂಲೆಯ ಮೇಜಿನಲ್ಲಿ ಕೂತಿದ್ದ ಕಮ್ಮಾರ, ಆಡ್ತೀಯಾ ಎಂದು ಇಂಗ್ಲಿಷಿನಲ್ಲಿ ಕೇಳಿ ಇಸ್ಪೀಟಿನಂಥ ಎಲೆಗಳನ್ನು ಹಾಸಿದ. ಮಹೇಶ ಗುಂಡಿ ಒತ್ತಿ ಮುಂದೆ ಹೋಗುವವನಿದ್ದ. ಸೊಪ್ಪು ಬಿಡಿಸುತ್ತಿದ್ದ ಪ್ರೇಮಾವತಿ ತಲೆಯೆತ್ತಿ, “ಒಸಿ ತಡೀರಿ” ಎಂದಳು. ಆಮೇಲೆ ಆ ಸೊಪ್ಪನ್ನು ನಿಂಗಮ್ಮನೇ ಬಿಡಿಸಬೇಕಾಯಿತು.

ಅದರ ಹಿಂದೆ ಒಂದು ಹಳೆಯ ಗಾಯವಿತ್ತು. ತವರಿನ ಜಗಲಿಯಲ್ಲಿ ಗಂಡಸರು ಇಪ್ಪತ್ತೆಂಟು ಆಡುತ್ತಿದ್ದರು. ಇಬ್ಬಿಬ್ಬರು ಜೋಡಿಯಾಗಿ ಆಡುವ ಇಸ್ಪೀಟಾಟ. ತುರುಫಿನ ಎಲೆಯನ್ನು ಮಗುಚಿ ಇಡಬೇಕು, ಯಾರಾದರೂ ಕೇಳಿದಾಗ ಮಾತ್ರ ತೋರಿಸಬೇಕು. ಕಾಫಿ ಲೋಟ ಹಿಡಿದು ಸೋದರಮಾವನ ಬೆನ್ನ ಹಿಂದೆ ನಿಂತು ನಿಂತೇ ಹುಡುಗಿ ಆಟ ಕಲಿತಿದ್ದಳು. ಒಂದು ಸಲ ತಡೆಯಲಾರದೆ, “ಮಾವ, ಗುಲಾಮನ್ನ ಈಗ ಬಿಡು” ಅಂದುಬಿಟ್ಟಳು. ಮಾವ ಬಿಡಲಿಲ್ಲ, ಸೋತ. ಸೋತ ಸಿಟ್ಟಿಗೆ ತಿರುಗಿ ಕೆನ್ನೆಗೆ ಬಾರಿಸಿ, “ಆಟ ನೋಡೋರು ಬಾಯಿ ಬಿಡಬಾರದು. ಅದ್ರಲ್ಲೂ ಹೆಣ್ಣೈಕ್ಳು” ಎಂದ. ಮದುವೆಯಾಗಿ ಬಂದ ಮನೆಯಲ್ಲೂ ಅದೇ ಜಗಲಿ, ಅದೇ ಇಪ್ಪತ್ತೆಂಟು, ಅದೇ ಕಾಫಿ ಲೋಟ. ಅವಳು ಲೋಟ ಇಟ್ಟು ಒಳಗೆ ಬರುತ್ತಿದ್ದಳು. ಆಡ್ತೀಯಾ ಎಂದು ಅವಳನ್ನು ಯಾರೂ ಯಾವತ್ತೂ ಕೇಳಿರಲಿಲ್ಲ. ಕೇಳಿದ ಮೊದಲಿಗ ಆ ಟಿವಿಯೊಳಗಿನ ಕಮ್ಮಾರ.

ಹೊಲದ ಕೆಲಸ ಮುಗಿಸಿ ಊಟಕ್ಕೆ ಮೊದಲು ಸಿಗುವ ಹೊತ್ತು ಅವಳದಾಯಿತು. ಕಮ್ಮಾರನನ್ನು ಗೆದ್ದಳು, ಅವನು ಒಂದು ಎಲೆ ಕೊಟ್ಟ. ಕುದುರೆ ವ್ಯಾಪಾರಿಯನ್ನು ಗೆದ್ದಳು, ಅವನೊಂದು ಕೊಟ್ಟ. ಆ ದೇಶದಲ್ಲಿ ಊರೂರಿಗೂ ಒಬ್ಬೊಬ್ಬ ಆಟಗಾರನಿದ್ದ. ಪ್ರೇಮಾವತಿ ಯುದ್ಧದ ಗೊಡವೆಗೆ ಹೋಗದೆ ಬರೀ ಛತ್ರದಿಂದ ಛತ್ರಕ್ಕೆ ಕುದುರೆ ಓಡಿಸಿದಳು. ಅಂಥ ಮಹಾವೀರ ಅವಳ ಕೈಯಲ್ಲಿ ಇಸ್ಪೀಟಿನ ಅಡ್ಡೆ ಹುಡುಕುವ ಪೋಲಿಯಾಗಿಬಿಟ್ಟ. ಎಲ್ಲ ಎಲೆಗಳೂ ಸೇರಿದವು, ಒಂದನ್ನು ಬಿಟ್ಟು.

ಆ ಒಂದು ಇದ್ದದ್ದು ದೋಣಿಕಟ್ಟೆಯ ಅಜ್ಜಿಯ ಹತ್ತಿರ. ಸೇತುವೆ ಪಕ್ಕದ ಸಣ್ಣ ಹಳ್ಳಿಯಲ್ಲಿ ಛತ್ರ ನಡೆಸುವ ಮುದುಕಿ. ಪ್ರೇಮಾವತಿಯನ್ನು ಎಷ್ಟು ಸಲ ಸೋಲಿಸಿದರೂ ನಗುತ್ತ ಮತ್ತೆ ಆಡ್ತೀಯಾ ಎಂದು ಕರೆಯುತ್ತಿದ್ದಳು. ತೊಡಕು ಏನೆಂದರೆ, ಕತ್ತಿವೀರ ಸೇತುವೆ ದಾಟಿದ ಕೂಡಲೇ ಶತ್ರುಸೈನ್ಯ ಬಂದು ಆ ಹಳ್ಳಿಯನ್ನು ಸುಟ್ಟುಹಾಕುತ್ತದೆ. ಅಜ್ಜಿಯೂ ಹೋದಳು, ಎಲೆಯೂ ಹೋಯಿತು. ಫೋನಿನಲ್ಲಿ ಹುಡುಕಿ ಹೇಳಿದವಳು ದಿವ್ಯಶ್ರೀ. ಈ ಆಟದಲ್ಲಿ ಒಮ್ಮೆ ದಾಟಿದರೆ ಹಿಂದಕ್ಕೆ ಬರುವ ದಾರಿ ಇಲ್ಲ, ನಿಂತ ಜಾಗವನ್ನು ಪೆಟ್ಟಿಗೆ ಒಂದೇ ಕಡೆ ನೆನಪಿಟ್ಟುಕೊಳ್ಳುತ್ತದೆ ಎಂದೂ ಅವಳೇ ಹೇಳಿದಳು. ಅಂದಿನಿಂದ ಪ್ರೇಮಾವತಿ ಗಂಡನಿಗೆ ಸೇತುವೆ ಮುಟ್ಟಲು ಬಿಡಲಿಲ್ಲ.

ನಿಂಗಮ್ಮ ಪಕ್ಕದಲ್ಲಿ ಅವರೆಕಾಯಿ ಸುಲಿಯುತ್ತ ಆ ಅಜ್ಜಿಯನ್ನು ನೆರೆಮನೆಯವಳ ಹಾಗೆ ಬೈಯುತ್ತಿದ್ದಳು. “ಕಳ್ಳಿ ಕಣವ್ವ ಅವ್ಳು. ನಗೋದು ನೋಡು.” ಕಳ್ಳಿಯೇನೂ ಅಲ್ಲ. ತಪ್ಪು ಪ್ರೇಮಾವತಿಯದೇ. ಅವಳ ಕೈಯಲ್ಲಿ ಕರಡಿಯ ಚಿತ್ರದ ಒಂದು ಎಲೆ ಇತ್ತು. ಅದನ್ನು ಎಲ್ಲಕ್ಕಿಂತ ಮೊದಲು ಇಳಿಸಿದರೆ ಹಿಂದೆ ಬರುವ ಎಲೆಗಳಿಗೆಲ್ಲ ಬಲ ಹೆಚ್ಚುತ್ತದೆ. ಕೊನೆಗೆ ಇಳಿಸಿದರೆ ಅದು ಬರೀ ಒಂದು ಕರಡಿ. ಇದು ಅವಳಿಗೆ ಗೊತ್ತಿತ್ತು. ಗೊತ್ತಿದ್ದೂ ಕೈ ಬರುತ್ತಿರಲಿಲ್ಲ. ದೊಡ್ಡ ಎಲೆಯನ್ನು ಯಾರಾದರೂ ಕೇಳುವ ತನಕ ಬಚ್ಚಿಡಬೇಕು ಎಂದು ಕಲಿತ ಕೈ ಅದು. ಅಜ್ಜಿ ಕೇಳುತ್ತಿರಲಿಲ್ಲ, ಆಟ ಮುಗಿದುಹೋಗುತ್ತಿತ್ತು.

ಆ ಭಾನುವಾರ ಮಧ್ಯಾಹ್ನ ಮಹೇಶನ ಅಣ್ಣ ಕೆಂಪಣ್ಣ ಊಟಕ್ಕೆ ಬಂದ. ಪಕ್ಕದ ಮನೆಯವನೇ, ತಾಯಿ ತಮ್ಮನ ಮನೆಯಲ್ಲಿರುವುದರಿಂದ ವಾರಕ್ಕೊಮ್ಮೆ ನಾಟಿಕೋಳಿ ಸಾರು ಇಲ್ಲೇ ಆಗಬೇಕು. ಹಳೇ ಕಾಲದ ಮನುಷ್ಯ. ತಮ್ಮನ ಹೆಂಡತಿಯೊಂದಿಗೆ ನೇರ ಮಾತಿಲ್ಲ, ಉಪ್ಪು ಬೇಕಾದರೂ ತಮ್ಮನ ಮೂಲಕವೇ ಕೇಳುತ್ತಾನೆ. ಊಟದ ನಡುವೆ ಮಹೇಶ ಬಾಯಿ ತಪ್ಪಿ, ತನ್ನ ಕತೆ ಮೂರು ವಾರದಿಂದ ನಿಂತಲ್ಲೇ ನಿಂತಿದೆ ಎಂದು ಅಳಲು ತೋಡಿಕೊಂಡ. ಕೆಂಪಣ್ಣನ ಮುಖ ಗಂಟಾಯಿತು.

“ಮಹೇಶ, ನಿನ್ನ ಹೆಂಡ್ತಿಗೆ ಹೇಳು ಕಣ್ಲಾ. ನಮ್ಮನೇಲಿ ಹೆಣ್ಣುಮಕ್ಳು ಇಸ್ಪೀಟು ಮುಟ್ಟಿದ್ದಿಲ್ಲ. ಟಿವಿಯೊಳಗಾದ್ರೂ ಅಷ್ಟೇಯ. ಇವತ್ತೇ ಆ ಸೇತುವೆ ದಾಟ್ಬುಡು. ಆಟಾನೂ ಮುಗೀತದೆ, ಚಾಳೀನೂ ಮುಗೀತದೆ.”

ಸಾರು ಬಡಿಸುತ್ತಿದ್ದ ಪ್ರೇಮಾವತಿ ಪಾತ್ರೆಯನ್ನು ಕೆಳಗಿಟ್ಟಳು. ಇಷ್ಟು ವರ್ಷ ಇಂಥ ಮಾತುಗಳಿಗೆ ಅವಳು ಒಳಗೆ ಹೋಗಿ ಒಲೆ ಊದುತ್ತಿದ್ದಳು. ಇವತ್ತು ಹೋಗಲಿಲ್ಲ.

“ನಂಗೇ ಹೇಳಿ ಬಾವ, ಎದುರಿಗೇ ಇದ್ದೀನಲ್ಲ. ನೀವು ಉಂಡು ಕೈ ತೊಳ್ಕೊಂಡು ಜಗಲೀಲಿ ಎಲೆ ಹಾಸ್ತೀರಿ. ನಾನು ನಿಮ್ಮ ತಟ್ಟೆ ತೊಳ್ದು ಬಂದು ಒಳಗೆ ಆಡ್ತೀನಿ. ನೀವಾಡಿದ್ರೆ ಹೊತ್ತು ಕಳ್ಯೋದು, ನಾನಾಡಿದ್ರೆ ಚಾಳಿ. ಅದೆಂಗೆ ಅಂತ ಮೊದ್ಲು ಹೇಳಿ.”

ಕೆಂಪಣ್ಣನ ಕೈಯಲ್ಲಿದ್ದ ಮುದ್ದೆಯ ತುತ್ತು ಬಾಯಿಗೆ ಹೋಗಲು ಮರೆಯಿತು. ಮಹೇಶ ಇಬ್ಬರನ್ನೂ ಸಮಾಧಾನ ಮಾಡಲು ಹೋಗಿ, “ಕಾಫಿ ಹೊತ್ತಿನವರ್ಗೂ ಆಡ್ಕೊಳ್ಲಿ ಬಿಡಣ್ಣ. ಕಾಫಿ ಕುಡ್ದು ನಾನು ದಾಟ್ಬುಡ್ತೀನಿ” ಎಂದ.

“ಕಾಫಿ ಕಾಯ್ಸೋಳು ನಾನು” ಎಂದಳು ಪ್ರೇಮಾವತಿ. “ಆ ಹೊತ್ತು ಯಾವಾಗ ಬರ್ತದೆ ಅಂತ ನಾನೂ ನೋಡ್ತೀನಿ.”

ನಿಂಗಮ್ಮನಿಗೆ ನಗು ತಡೆಯಲಾಗದೆ ಸಾರು ನೆತ್ತಿಗೇರಿತು.

ಊಟವಾದ ಮೇಲೆ ಜಗಲಿಯಲ್ಲಿ ಚಾಪೆ ಬಿತ್ತು. ಕೆಂಪಣ್ಣ, ಮಹೇಶ, ಹಿಂದಿನ ತೋಟದ ಬೆಳ್ಳಿಯಪ್ಪ ಬಂದು ಕೂತರು. ಬೆಳ್ಳಿಯಪ್ಪ ಮಿಲಿಟರಿಯಲ್ಲಿದ್ದು ರಿಟೈರಾದವರು, ಊಟದ ಹೊತ್ತಿನ ಜಗಳ ಮಹೇಶನಿಂದ ಆಗಲೇ ಅವರ ಕಿವಿಗೆ ಬಿದ್ದಿತ್ತು. ನಾಲ್ಕನೆಯವನಾದ ಪೊನ್ನಪ್ಪ ಕುಟ್ಟದ ಕಡೆ ನೆಂಟರ ಮದುವೆಗೆ ಹೋಗಿದ್ದ ಎಂಬುದು ಎಲೆ ಕಲೆಸಿದ ಮೇಲೆ ನೆನಪಾಯಿತು. ಇಪ್ಪತ್ತೆಂಟಕ್ಕೆ ನಾಲ್ಕು ಕೈ ಬೇಕೇ ಬೇಕು. ಮೂವರೂ ಒಬ್ಬರ ಮುಖ ಒಬ್ಬರು ನೋಡಿಕೊಂಡರು.

“ಒಳಗೆ ಒಬ್ಬರಿದ್ದಾರಲ್ಲ” ಎಂದರು ಬೆಳ್ಳಿಯಪ್ಪ. “ನಮ್ಮ ಕೊಡವರಲ್ಲಿ ಮದುವೆ ಮನೇಲಿ ಹೆಂಗಸರೂ ಕೂತು ಆಡ್ತಾರೆ. ಯಾರ ಮಾನವೂ ಹೋಗಿಲ್ಲ.”

ಕೆಂಪಣ್ಣ ಮೀಸೆ ನೀವಿದ, ತೋಟದ ಕಡೆ ನೋಡಿದ, ಕೆಮ್ಮಿದ. ಆಟದ ಚಪಲ ಕೆಟ್ಟದ್ದು. ಕೊನೆಗೆ, “ಮಹೇಶ, ನಿನ್ನ ಹೆಂಡ್ತೀನ ಕೇಳು ಕಣ್ಲಾ” ಎಂದ.

“ಬೈದವನು ನೀನು, ಕರೆಯೋಕೆ ಅವನಾ? ನೀನೇ ಕರಿ ಮಾರಾಯ” ಎಂದರು ಬೆಳ್ಳಿಯಪ್ಪ.

ಪ್ರೇಮಾವತಿ ಆಗಷ್ಟೇ ಪಾತ್ರೆ ತೊಳೆದು ಕೈ ಒರೆಸಿಕೊಳ್ಳುತ್ತ ಬಾಗಿಲಿಗೆ ಬಂದಿದ್ದಳು. ಕೆಂಪಣ್ಣ ಅವಳ ಮುಖ ನೋಡದೆ, ಚಾಪೆಯ ಅಂಚು ನೋಡುತ್ತ, “ಒಂದು ಕೈ ಕಮ್ಮಿ ಬಿದ್ದದೆ ಕಣಮ್ಮ. ಬಂದು ಕೂತ್ಕೊ” ಎಂದ.

ಸುಳ್ಳು ಹೇಳಬಾರದು, ಅವಳಿಗೆ ಆಸೆಯಾಯಿತು. ಕಾಫಿ ಲೋಟ ಹಿಡಿದು ನಿಂತಿದ್ದ ಆ ಹುಡುಗಿ ಈ ಒಂದು ಮಾತಿಗಾಗಿ ಏನು ಬೇಕಾದರೂ ಕೊಡುತ್ತಿದ್ದಳು. ಚಾಪೆಯ ಮೇಲೆ ಖಾಲಿ ಜಾಗ, ಮಗುಚಿದ ಎಲೆಗಳು, ಕೈ ಚಾಚಿದರೆ ಸಿಗುವಷ್ಟು ಹತ್ತಿರ. ಆದರೆ ಇವರು ಕರೆಯುತ್ತಿರುವುದು ಪ್ರೇಮಾವತಿಯನ್ನಲ್ಲ, ಪೊನ್ನಪ್ಪನ ಬದಲಿಗೆ ಒಂದು ಕೈಯನ್ನು. ಮುಂದಿನ ಭಾನುವಾರ ಪೊನ್ನಪ್ಪ ಬಂದರೆ ಮತ್ತೆ ಲೋಟ ಹಿಡಿಯಬೇಕು. ಅಷ್ಟರಲ್ಲಿ ಅಜ್ಜಿಯ ಹಳ್ಳಿ ಬೂದಿಯಾಗಿರುತ್ತದೆ.

“ಇಲ್ಲ ಬಾವ” ಎಂದಳು. “ನನ್ನಾಟ ಒಳಗೈತೆ.”

ಒಳಗೆ ಹೋಗಿ ಟಿವಿ ಹಾಕಿ, ಚಕ್ಕಳಮಕ್ಕಳ ಹಾಕಿ ಕೂತಳು. ದೋಣಿಕಟ್ಟೆಯ ಅಜ್ಜಿ ಎಂದಿನಂತೆ ನಕ್ಕು ಆಡ್ತೀಯಾ ಎಂದಳು. ನಿಂಗಮ್ಮ ಪಕ್ಕಕ್ಕೆ ಜರುಗಿ ಬಂದಳು. ಮೂರು ಕೈಯಲ್ಲಿ ಆಡಲು ಬಾರದ ಗಂಡಸರು ಜಗಲಿಯಲ್ಲಿ ನೊಣ ಹೊಡೆಯುತ್ತ ಕೂತರು. ತುಸು ಹೊತ್ತಿಗೆ ಮಹೇಶ ಒಳಗೆ ಇಣುಕಿದ. ಅವನ ಹಿಂದೆ ಬೆಳ್ಳಿಯಪ್ಪ. ಕೊನೆಗೆ ಕೆಂಪಣ್ಣನೂ ಬಂದು ಬಾಗಿಲುವಾಡಕ್ಕೆ ಒರಗಿ, ಪ್ರೇಮಾವತಿಯ ಬೆನ್ನ ಹಿಂದೆ ನಿಂತ.

ಮೊದಲ ಆಟ ಸೋತಳು. ಎರಡನೆಯದಕ್ಕೆ ಎಲೆ ಹಂಚಿಕೆಯಾಯಿತು. ಕೈಯಲ್ಲಿ ಕರಡಿ ಬಂದಿತ್ತು. ಪ್ರೇಮಾವತಿಯ ಬೆರಳು ಕರಡಿಯ ಮೇಲೆ ಬಂದು ನಿಂತಿತು, ಅಭ್ಯಾಸದಂತೆ ಅದನ್ನು ದಾಟಿ ಸಣ್ಣ ಎಲೆಯ ಕಡೆ ಸರಿಯಿತು, ಮತ್ತೆ ಹಿಂದಕ್ಕೆ ಬಂತು. ಮಧ್ಯಾಹ್ನ ಊಟದ ಹೊತ್ತಲ್ಲಿ ಯಾರೂ ಕೇಳದೆಯೇ ಬಾಯಿ ಬಿಟ್ಟಿದ್ದಳಲ್ಲ. ಮನೆಯ ಹೆಂಚೇನೂ ಹಾರಿಹೋಗಿರಲಿಲ್ಲ.

ಹಿಂದಿನಿಂದ ಕೆಂಪಣ್ಣನ ಗಂಟಲು ತಾನಾಗಿ ಬಿಚ್ಚಿತು. ಜೀವಮಾನವೆಲ್ಲ ಇಪ್ಪತ್ತೆಂಟು ಆಡಿದವನು, ಪಾಪ, ಅವನೇನು ಮಾಡಿಯಾನು. “ಕರಡೀನ ಈಗ್ಲೇ ಬಿಡ್ಬೇಡ ಕಣಮ್ಮ. ಕೊನೇವರ್ಗೂ ಮಡಿಕ್ಕೊ.”

ಪ್ರೇಮಾವತಿ ತಿರುಗಿ ನೋಡಲಿಲ್ಲ. ಕಣ್ಣು ಟಿವಿಯ ಮೇಲೇ ಇತ್ತು, ದನಿಯಲ್ಲಿ ಕೋಪವೂ ಇರಲಿಲ್ಲ.

“ಆಟ ನೋಡೋರು ಬಾಯಿ ಬಿಡಬಾರದು ಬಾವ.”

ಅವಳು ಕರಡಿಯನ್ನು ಮೊದಲ ಎಲೆಯಾಗಿ ಇಳಿಸಿದಳು. ಅದರ ಹಿಂದೆ ಬಿಲ್ಲುಗಾರರು, ಕುದುರೆಯವರು, ಒಬ್ಬ ಬಡಕಲು ಕುರುಬನೂ ಬಂದು, ಎಲ್ಲರಿಗೂ ಬಲ ಏರುತ್ತ ಹೋಯಿತು. ಅಜ್ಜಿ ತಾನಿಟ್ಟ ಎಲೆಗಳನ್ನೂ ಅವಳ ಎಲೆಗಳನ್ನೂ ನೋಡಿ ತಲೆಯಾಡಿಸಿದಳು. ಆಮೇಲೆ ಸೆರಗಿನಂಥ ಬಟ್ಟೆಯೊಳಗಿನಿಂದ ಒಂದು ಎಲೆ ತೆಗೆದು ಮೇಜಿನ ಮೇಲೆ ಸರಿಸಿದಳು. ಅದರ ಮೇಲೆ ದೋಣಿ ಹುಟ್ಟು ಹಿಡಿದು ನಿಂತ ಒಬ್ಬ ಹೆಂಗಸಿನ ಚಿತ್ರವಿತ್ತು.

“ಗೆದ್ಳು ಕಣ್ಲಾ” ಎಂದು ನಿಂಗಮ್ಮ ಇಬ್ಬರು ಮಕ್ಕಳಿಗೂ ಸೇರಿಸಿ ಹೇಳಿದಳು.

ಪ್ರೇಮಾವತಿಗೆ ಕಣ್ಣು ಮಂಜಾಯಿತು, ಒರೆಸಿಕೊಳ್ಳಲು ಹೋಗಲಿಲ್ಲ. ಮಹೇಶ ಮೆಲ್ಲಗೆ ಕೈ ನೀಡಿ, “ಎಲೆ ಸಿಕ್ತಲ್ಲ. ಇನ್ನು ಸೇತುವೆ ದಾಟ್ಲಾ?” ಎಂದ.

“ಕಾಫಿ ಕುಡ್ದು ದಾಟ್ತೀನಿ ಅಂದ್ರಲ್ಲ.”

“ಹೂಂ. ಕಾಫಿ ಎಲ್ಲಿ?”

“ಪುಡಿ ಗೂಡಲ್ಲೈತೆ. ಬೆಲ್ಲ ಅದ್ರ ಪಕ್ಕದ ಡಬ್ಬೀಲಿ. ಬೆಳ್ಳಿಯಪ್ಪನವರಿಗೆ ಸಿಹಿ ಕಮ್ಮಿ ಹಾಕಿ.”

ಅಣ್ಣ ತಮ್ಮ ಇಬ್ಬರೂ ಅಡುಗೆಮನೆಯ ಕಡೆ ನೋಡಿದರು. ಬೆಳ್ಳಿಯಪ್ಪ ನಿಂಗಮ್ಮನ ಪಕ್ಕ ಆರಾಮವಾಗಿ ಕೂತುಬಿಟ್ಟರು. ಟಿವಿಯಲ್ಲಿ ಅಜ್ಜಿ ಎಲೆಗಳನ್ನು ಮತ್ತೆ ಒಟ್ಟುಗೂಡಿಸಿ, ಇನ್ನೊಂದು ಆಡ್ತೀಯಾ ಎಂದು ಕೇಳಿದಳು. ಗೆಲ್ಲಲು ಇನ್ನೇನೂ ಉಳಿದಿರಲಿಲ್ಲ. ಪ್ರೇಮಾವತಿ ಹೌದು ಎಂದು ಗುಂಡಿ ಒತ್ತಿದಳು. ಒಳಗೆ ಯಾರೋ ಪಾತ್ರೆ ಬೀಳಿಸಿದ ಸದ್ದಾಯಿತು, ಕೆಂಪಣ್ಣ ಬೆಂಕಿಪೊಟ್ಟಣ ಎಲ್ಲಿ ಎಂದು ಅವಳನ್ನೇ ಹೆಸರು ಹಿಡಿದು ಕೂಗಿದ, ಅವಳು ಒಲೆ ಪಕ್ಕ ನೋಡಿ ಎಂದು ಹೇಳಿ ಕರಡಿಯನ್ನು ಇಳಿಸಿದಳು.