ನಳಿನಾಕ್ಷಿ ಸಾಕಿದ ಮಗಳು

ಹೆಂಗಸರು ಮನೆಯಲ್ಲಿ ಕಟ್ಟಿದ ಬೀಡಿ ತಂದೊಪ್ಪಿಸುವ ತೊಕ್ಕೊಟ್ಟಿನ ಬ್ರಾಂಚಿನಲ್ಲಿ, ನಳಿನಾಕ್ಷಿ ಕಟ್ಟಿದ ಬೀಡಿ ಎಂದರೆ ತಪ್ಪು ಹುಡುಕುವ ಚೆಕ್ಕರ್ ಎರಡನೇ ಸಲ ನೋಡುತ್ತಿರಲಿಲ್ಲ. ಗಂಡ ಜಯ ತೀರಿಕೊಂಡಾಗ ಮಗಳು ಪ್ರಾಪ್ತಿಗೆ ಐದು ವರ್ಷ. ಆಮೇಲೆ ಮಡಿಲಲ್ಲಿ ಮೊರ ಇಟ್ಟುಕೊಂಡೇ ಈಕೆ ಮನೆ ನಡೆಸಿದಳು, ಮಗಳನ್ನು ನರ್ಸಿಂಗ್ ಓದಿಸಿದಳು. ಯಾರ ಮುಂದೆಯೂ ಕೈ ಚಾಚಿದವಳಲ್ಲ.

ಪ್ರಾಪ್ತಿಗೆ ಹನ್ನೆರಡಿದ್ದಾಗ ಒಮ್ಮೆ ಅಮ್ಮನಿಗೆ ಜ್ವರ ಬಂದು, ಬೀಡಿ ಕೊಡಲು ಅವಳೇ ಹೋದಳು. ಹೊಸ ಚೆಕ್ಕರ್ ಒಂದು ಕಟ್ಟನ್ನು ಬದಿಗೆಸೆದ. ಹುಡುಗಿ ಅಲ್ಲಾಡದೆ ನಿಂತು, "ತಪ್ಪು ಎಲ್ಲಿ ಉಂಟು, ತೋರಿಸಿ," ಎಂದಳು. ಹುಡುಕಿದ, ಸಿಗಲಿಲ್ಲ, ಬಾಯಿ ಮುಚ್ಚಿಕೊಂಡು ತೆಗೆದುಕೊಂಡ. ನಳಿನಾಕ್ಷಿ ಈ ಕಥೆ ಹೇಳಿ ಹೇಳಿ ಊರವರ ಕಿವಿ ತೂತು ಮಾಡಿದ್ದಳು.

ಅದೇ ಮಗಳು ಇಪ್ಪತ್ತಾರನೇ ವಯಸ್ಸಿನಲ್ಲಿ ಅಷ್ಟೇ ಗಟ್ಟಿಯಾಗಿ, "ಅಮ್ಮ, ನಾನು ರೂಬನ್‌ನನ್ನು ಮದುವೆ ಆಗ್ತೇನೆ," ಎಂದಾಗ ಮಾತ್ರ ಅಮ್ಮನಿಗೆ ಆ ದನಿ ಹಿಡಿಸಲಿಲ್ಲ. ರೂಬನ್ ಅತ್ತಾವರದಲ್ಲಿ ಅವಳು ಕೆಲಸಕ್ಕಿದ್ದ ಆಸ್ಪತ್ರೆಯ ಲ್ಯಾಬಿನವನು, ಕೊಂಕಣಿ ಕ್ರೈಸ್ತರ ಹುಡುಗ. "ಹಾಗಾದ್ರೆ ಈ ಮನೆಯ ಮೆಟ್ಟಿಲು ಹತ್ತಬೇಡ," ಎಂದುಬಿಟ್ಟಳು ನಳಿನಾಕ್ಷಿ. ಪ್ರಾಪ್ತಿ ಬಟ್ಟೆಬರೆ ತುಂಬಿಕೊಂಡು ಮಣ್ಣಗುಡ್ಡದ ರೂಬನ್ ಮನೆಗೆ ಹೋದಳು.

ಎರಡು ತಿಂಗಳು ನಳಿನಾಕ್ಷಿ ಹಟ ಹಿಡಿದು ಕೂತದ್ದಾಯಿತು. ಆಮೇಲೆ ಮಗಳ ನೆನಪು ಕಾಡತೊಡಗಿತು. ತಾನಾಗಿ ಹೋಗಿ ಕರೆಯಲು ಜಂಬ ಬಿಡದು, ಕರೆಯದಿದ್ದರೆ ಮಗಳು ಶಾಶ್ವತವಾಗಿ ದೂರವಾದಾಳೆಂಬ ದಿಗಿಲು. ಈ ಸಂಬಂಧ ಮುರಿಯಬೇಕೆಂದಿದ್ದ ಅವಳ ತಮ್ಮ ಅಣ್ಣುವಿಗೆ ಅಷ್ಟೇ ಬೇಕಿತ್ತು.

"ಹೈಕೋರ್ಟಿನಲ್ಲಿ ಹೇಬಿಯಸ್ ಕಾರ್ಪಸ್ ಅರ್ಜಿ ಹಾಕುವ, ಅಕ್ಕ. ಕೂಡಿ ಹಾಕಿದ್ದಾರೆ ಅಂತ ಬರೆದ್ರೆ ಪೊಲೀಸರೇ ಕರ್ಕೊಂಡು ಬರ್ತಾರೆ."

"ಕೂಡಿ ಎಲ್ಲಿ ಹಾಕಿದ್ದಾರೆ? ಅವಳೇ ಹೋದದ್ದಲ್ವಾ?"

"ಹಾಗೆ ಬರೆಯದಿದ್ರೆ ಯಾರು ಕರೆಸ್ತಾರೆ ಮಾರಾಯ್ತಿ!"

ಮಗಳ ಮುಖ ನೋಡುವ ಆಸೆಗೆ ಸಹಿ ಹಾಕಿದಳು.

ಬೆಂಗಳೂರಿನ ಕೋರ್ಟಿನಲ್ಲಿ ನ್ಯಾಯಾಧೀಶರು ಪ್ರಾಪ್ತಿಯನ್ನು ಕನ್ನಡದಲ್ಲೇ ಕೇಳಿದರು, "ನಿಮ್ಮನ್ನು ಯಾರಾದರೂ ಬಲವಂತವಾಗಿ ಇಟ್ಟುಕೊಂಡಿದ್ದಾರೇನಮ್ಮ?"

"ಇಲ್ಲ ಸರ್. ನಾನೇ ಹೋದದ್ದು."

ಅಣ್ಣು ಹಿಡಿದ ವಕೀಲರು ತಟ್ಟನೆ ಎದ್ದು, ಹುಡುಗಿಯನ್ನು ಹೆದರಿಸಿ ಹೇಳಿಸುತ್ತಿದ್ದಾರೆ ಎಂದರು. ಪ್ರಾಪ್ತಿ ಅಲ್ಲಾಡದೆ ನಿಂತಳು. "ಹೆದರಿಕೆ ಎಲ್ಲಿ ಉಂಟು, ತೋರಿಸಿ."

ನಳಿನಾಕ್ಷಿ ತಲೆಯೆತ್ತಿ ಮಗಳನ್ನು ನೋಡಿದಳು. ಹದಿನಾಲ್ಕು ವರ್ಷ ತಾನು ಊರಿಗೆಲ್ಲ ಹೊಗಳಿದ ದನಿ ಅದು. ತನ್ನ ಹೆಸರಿನಲ್ಲಿ ಬರೆದ ಸುಳ್ಳಿಗೆ ನಾಚಿಕೆಯಾಯಿತು, ಅದರ ಹತ್ತು ಪಟ್ಟು ಹೆಮ್ಮೆ ಉಕ್ಕಿತು. ಅಣ್ಣು ಸೆರಗು ಜಗ್ಗಿದರೂ ಎದ್ದೇ ಬಿಟ್ಟಳು.

"ಸ್ವಾಮಿ, ಇವಳನ್ನು ಯಾರೂ ಕೂಡಿ ಹಾಕ್ಲಿಲ್ಲ. ಕೂಡಿ ಹಾಕ್ಲಿಕ್ಕೆ ಯಾರಿಂದಲೂ ಆಗುವುದೂ ಇಲ್ಲ. ಇವಳು ನಾನು ಸಾಕಿದ ಮಗಳು."

ಪ್ರಾಪ್ತಿ ತನಗೆ ಇಷ್ಟ ಬಂದಲ್ಲಿ ಇರಬಹುದೆಂದು ಹೇಳಿ ನ್ಯಾಯಾಧೀಶರು ಅರ್ಜಿ ಮುಗಿಸಿದರು. ಹೊರಗೆ ಅವಳು ಅಮ್ಮನ ಮುಂದೆ ಬಂದು ನಿಂತಳು. ಈಗ ಮಾತ್ರ ದನಿ ನಡುಗಿತು.

"ಅಮ್ಮ, ಮೆಟ್ಟಿಲು ಹತ್ತಬಹುದಾ?"

"ಭಾನುವಾರ ಬಾ. ಅವನನ್ನೂ ಕರ್ಕೊಂಡು ಬಾ," ಎಂದು ನಳಿನಾಕ್ಷಿ ಮಗಳ ಕೆನ್ನೆ ಸವರಿದಳು.

ಮರುದಿನ ಬ್ರಾಂಚಿನಲ್ಲಿ ಪಕ್ಕದ ಮನೆಯ ಮುಮ್ತಾಝ್ ಮೆಲ್ಲ ಕೇಳಿದಳು, "ಮಗಳು ಓಡಿ ಹೋದದ್ದಂತೆ, ಹೌದಾ?"

"ಓಡ್ಲಿಕ್ಕೆ ಅವಳಿಗೆ ಎಂತ ಕರ್ಮ! ಹೈಕೋರ್ಟಿನಲ್ಲಿ ಹೇಳಿಯೇ ಹೋದದ್ದು," ಎಂದು ನಳಿನಾಕ್ಷಿ ಬೀಡಿಕಟ್ಟು ಕೆಳಗಿಟ್ಟು, ಕಥೆಯನ್ನು ಮೊದಲಿನಿಂದ ಶುರು ಮಾಡಿದಳು.